ಗೋವಿಂದಪ್ಪ ವೆಂಕಟಸ್ವಾಮಿ

ಡಾ. ಗೋವಿಂದಪ್ಪ ವೆಂಕಟಸ್ವಾಮಿ (1 ಅಕ್ಟೋಬರ್ 1918 – 7 ಜುಲೈ 2006) ತಮಿಳುನಾಡಿನ ಖ್ಯಾತ ನೇತ್ರತಜ್ಞರು ಹಾಗೂ ಮದುರೈ ನಗರದ ಅರವಿಂದ್ ಕಣ್ಣಿನ ಆಸ್ಪತ್ರೆಯ ಸ್ಥಾಪಕರು. ವೈದ್ಯವಲಯದಲ್ಲಿ ಡಾ. ವಿ ಎಂಬ ಹೆಸರಿನಿಂದ ಪರಿಚಿತರಾಗಿದ್ದ ಇವರು, ಕಣ್ಣಿನ ಪೊರೆಯಿಂದ ದೃಷ್ಟಿ ಕಳೆದುಕೊಂಡ ಬಡವರಿಗೆ ಉಚಿತವಾಗಿ ಅಥವಾ ಅತ್ಯಂತ ಕಡಿಮೆ ವೆಚ್ಚದಲ್ಲಿ ಶಸ್ತ್ರಚಿಕಿತ್ಸೆ ದೊರಕಿಸುವ ವ್ಯವಸ್ಥೆಯೊಂದನ್ನು ರೂಪಿಸಿದರು. ತಾರುಣ್ಯದಲ್ಲೇ ತೀವ್ರ ಸಂಧಿವಾತಕ್ಕೆ ತುತ್ತಾಗಿ ಕೈಬೆರಳುಗಳು ಶಾಶ್ವತವಾಗಿ ಸೊಟ್ಟಗಾದರೂ, ತಮ್ಮ ಜೀವಿತಾವಧಿಯಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಕಣ್ಣಿನ ಶಸ್ತ್ರಚಿಕಿತ್ಸೆಗಳನ್ನು ಸ್ವತಃ ನಡೆಸಿದರು. 1976ರಲ್ಲಿ, ಸರ್ಕಾರಿ ಸೇವೆಯಿಂದ ನಿವೃತ್ತರಾದ ಮೇಲೆ, 11 ಹಾಸಿಗೆಗಳೊಂದಿಗೆ ಅವರು ಆರಂಭಿಸಿದ ಆಸ್ಪತ್ರೆಯು ಜಗತ್ತಿನಲ್ಲೇ ಅತಿ ಹೆಚ್ಚು ಕಣ್ಣಿನ ಶಸ್ತ್ರಚಿಕಿತ್ಸೆ ನಡೆಸುವ ಸಂಸ್ಥೆಗಳಲ್ಲಿ ಒಂದಾಗಿ ಬೆಳೆದಿದೆ.

ಜನನ ಮತ್ತು ಬಾಲ್ಯ

ವೆಂಕಟಸ್ವಾಮಿಯವರು ಎಟ್ಟಯಪುರಂ ಸಮೀಪದ ಅಯನ್ ವಡಮಲಾಪುರಂ ಎಂಬ ಹಳ್ಳಿಯ ಕೃಷಿಕ ಕುಟುಂಬದಲ್ಲಿ ಜನಿಸಿದರು. ಐವರು ಮಕ್ಕಳಲ್ಲಿ ಇವರೇ ಹಿರಿಯರು. ಬೆಳಗ್ಗೆ ಎಮ್ಮೆಗಳನ್ನು ಮೇಯಿಸಿ, ಅನಂತರ ಶಾಲೆಗೆ ಹೋಗುವುದು ಅವರ ಬಾಲ್ಯದ ದಿನಚರಿಯಾಗಿತ್ತು. ಹಳ್ಳಿಯ ಶಾಲೆಯಲ್ಲಿ ಕಾಗದ, ಪೆನ್ಸಿಲುಗಳಿರಲಿಲ್ಲ. ಮಕ್ಕಳು ನದಿಯಿಂದ ಮರಳು ತಂದು ನೆಲದ ಮೇಲೆ ಹರಡಿ, ಅದರ ಮೇಲೆ ಬೆರಳಿನಿಂದ ಅಕ್ಷರ ತಿದ್ದುತ್ತಿದ್ದರು.

ಹಳ್ಳಿಯಲ್ಲಿ ವೈದ್ಯರಿರಲಿಲ್ಲ. ವೆಂಕಟಸ್ವಾಮಿಯವರು ಬಾಲಕರಾಗಿದ್ದಾಗ ಅವರ ಸಂಬಂಧಿಕರಲ್ಲೇ ಮೂವರು ಯುವತಿಯರು ಹೆರಿಗೆಯ ಸಂದರ್ಭದಲ್ಲಿ ತೀರಿಕೊಂಡರು. ಸಕಾಲದಲ್ಲಿ ಚಿಕಿತ್ಸೆ ಸಿಕ್ಕಿದ್ದರೆ ತಪ್ಪಿಸಬಹುದಾಗಿದ್ದ ಈ ಸಾವುಗಳು ಅವರ ಮನಸ್ಸಿನ ಮೇಲೆ ಗಾಢ ಪರಿಣಾಮ ಬೀರಿದವು. ವೈದ್ಯನಾಗಬೇಕು, ಅದರಲ್ಲೂ ಪ್ರಸೂತಿ ತಜ್ಞನಾಗಬೇಕು ಎಂಬ ನಿರ್ಧಾರ ಆಗಲೇ ಮೂಡಿತು.

ಶಿಕ್ಷಣ ಮತ್ತು ಸೇನಾ ಸೇವೆ

ಮದುರೈಯ ಅಮೆರಿಕನ್ ಕಾಲೇಜಿನಲ್ಲಿ ರಸಾಯನಶಾಸ್ತ್ರವನ್ನು ಅಭ್ಯಾಸ ಮಾಡಿ 1938ರಲ್ಲಿ ಪದವಿ ಪಡೆದರು. ಬಳಿಕ ಮದರಾಸಿನ ಸ್ಟಾನ್ಲಿ ವೈದ್ಯಕೀಯ ಕಾಲೇಜಿಗೆ ಸೇರಿ 1944ರಲ್ಲಿ ವೈದ್ಯ ಪದವೀಧರರಾದರು. ಎರಡನೆಯ ಮಹಾಯುದ್ಧದ ಆ ಕಾಲದಲ್ಲಿ ಸೇನೆಯ ವೈದ್ಯಕೀಯ ದಳವನ್ನು ಸೇರಿ, 1948ರವರೆಗೆ ಸೇವೆ ಸಲ್ಲಿಸಿದರು.

ಸೇನೆಯಲ್ಲಿದ್ದಾಗಲೇ ಅವರಿಗೆ ರುಮಟಾಯ್ಡ್ ಸಂಧಿವಾತ ಕಾಣಿಸಿಕೊಂಡಿತು. ದೇಹದ ರೋಗನಿರೋಧಕ ವ್ಯವಸ್ಥೆಯು ತನ್ನದೇ ಕೀಲುಗಳ ಮೇಲೆ ದಾಳಿ ನಡೆಸುವುದು ಈ ಕಾಯಿಲೆಯ ಸ್ವರೂಪ. ರೋಗ ಉಲ್ಬಣಿಸಿದ್ದರಿಂದ 1948ರಲ್ಲಿ ಸೇನೆಯಿಂದ ಬಿಡುಗಡೆ ಹೊಂದಿ, ದೀರ್ಘಕಾಲ ಮದರಾಸಿನ ಆಸ್ಪತ್ರೆಯಲ್ಲಿ ಹಾಸಿಗೆ ಹಿಡಿದರು. ಎದ್ದು ನಿಲ್ಲುವುದೂ ಲೇಖನಿ ಹಿಡಿಯುವುದೂ ಅಸಾಧ್ಯವಾದ ದಿನಗಳವು. ಕಾಯಿಲೆ ಹತೋಟಿಗೆ ಬಂದರೂ ಬೆರಳುಗಳು ಮೊದಲಿನಂತಾಗಲಿಲ್ಲ. ಕೀಲುನೋವು ಜೀವನಪರ್ಯಂತ ಉಳಿಯಿತು.

ನೇತ್ರವೈದ್ಯಕೀಯದ ಆಯ್ಕೆ

ಹೆರಿಗೆ ಮಾಡಿಸಲು ಬೇಕಾದ ದೈಹಿಕ ಶಕ್ತಿ ಉಳಿದಿರಲಿಲ್ಲವಾದ್ದರಿಂದ ಪ್ರಸೂತಿ ತಜ್ಞರಾಗುವ ಆಸೆಯನ್ನು ವೆಂಕಟಸ್ವಾಮಿಯವರು ಕೈಬಿಡಬೇಕಾಯಿತು. ಆಗ ಅವರು ನೇತ್ರವೈದ್ಯಕೀಯವನ್ನು ಆರಿಸಿಕೊಂಡರು. ಕಣ್ಣಿನ ಶಸ್ತ್ರಚಿಕಿತ್ಸೆಗೆ ತೋಳಿನ ಬಲ ಹೆಚ್ಚು ಬೇಕಿಲ್ಲ. ಆದರೆ ಬೆರಳ ತುದಿಯ ನಿಖರತೆ ಅನಿವಾರ್ಯ. ಬೆರಳುಗಳೇ ವಕ್ರವಾಗಿದ್ದ ವ್ಯಕ್ತಿಗೆ ಇದು ಸುಲಭದ ಆಯ್ಕೆಯಾಗಿರಲಿಲ್ಲ. ತಮ್ಮ ಕೈಗೆ ಒಗ್ಗುವಂತಹ ಉಪಕರಣಗಳನ್ನು ಬಳಸುತ್ತ, ಶಸ್ತ್ರವನ್ನು ಹಿಡಿಯುವ ಮತ್ತು ಪೊರೆ ಕತ್ತರಿಸುವ ಕ್ರಮವನ್ನು ಅವರು ಹೊಸದಾಗಿ ಅಭ್ಯಾಸ ಮಾಡಿಕೊಂಡರು. 1951ರಲ್ಲಿ ನೇತ್ರವೈದ್ಯಕೀಯದ ಡಿಪ್ಲೊಮಾ ಪಡೆದು, ಅನಂತರ ಸ್ನಾತಕೋತ್ತರ ಪದವಿಯನ್ನೂ ಗಳಿಸಿದರು. ಮುಂದಿನ ವರ್ಷಗಳಲ್ಲಿ ಒಂದೇ ದಿನದಲ್ಲಿ ನೂರು ಶಸ್ತ್ರಚಿಕಿತ್ಸೆಗಳನ್ನು ಮಾಡಬಲ್ಲಷ್ಟು ನೈಪುಣ್ಯ ಅವರಿಗೆ ಸಿದ್ಧಿಸಿತು.

ಸರ್ಕಾರಿ ಸೇವೆ ಮತ್ತು ನೇತ್ರ ಶಿಬಿರಗಳು

1956ರಲ್ಲಿ ಮದುರೈ ವೈದ್ಯಕೀಯ ಕಾಲೇಜಿನ ನೇತ್ರವೈದ್ಯಕೀಯ ವಿಭಾಗದ ಮುಖ್ಯಸ್ಥರಾಗಿ ನೇಮಕಗೊಂಡ ವೆಂಕಟಸ್ವಾಮಿಯವರು ಎರಡು ದಶಕಗಳ ಕಾಲ ಅಲ್ಲಿ ಬೋಧನೆ ಮತ್ತು ಚಿಕಿತ್ಸೆ ನಡೆಸಿದರು.

ಕಣ್ಣಿನ ಪೊರೆಯು ಕಣ್ಣೊಳಗಿನ ಪಾರದರ್ಶಕ ಮಸೂರವು ವಯಸ್ಸು ಮುಂತಾದ ಕಾರಣಗಳಿಂದ ಮಬ್ಬಾಗುವ ಸ್ಥಿತಿ. ಔಷಧಿಯಿಂದ ಇದು ವಾಸಿಯಾಗುವುದಿಲ್ಲ. ಆದರೆ ಶಸ್ತ್ರಚಿಕಿತ್ಸೆಯಿಂದ ದೃಷ್ಟಿಯನ್ನು ಮರಳಿಸಬಹುದು. ಹೀಗಿದ್ದರೂ ಹಳ್ಳಿಗಳಲ್ಲಿ ಇದನ್ನು ಮುಪ್ಪಿನ ಸಹಜ ಫಲವೆಂದು ಭಾವಿಸಿ ಕುರುಡರಾಗಿಯೇ ಉಳಿಯುವವರು ಅಸಂಖ್ಯರಿದ್ದರು. ದೃಷ್ಟಿ ಹೋದ ಹಿರಿಯರು ದುಡಿಮೆಯನ್ನು ಕಳೆದುಕೊಳ್ಳುವುದರ ಜೊತೆಗೆ, ಅವರನ್ನು ನೋಡಿಕೊಳ್ಳಲು ಮನೆಯ ಇನ್ನೊಬ್ಬರೂ ಕೆಲಸ ಬಿಡಬೇಕಾಗುತ್ತಿತ್ತು.

ಆಸ್ಪತ್ರೆಗೆ ಬಾರದವರನ್ನು ತಲುಪಲು ವೆಂಕಟಸ್ವಾಮಿಯವರು 1960ರ ದಶಕದಲ್ಲಿ ಹಳ್ಳಿಗಳಲ್ಲಿ ನೇತ್ರ ಶಿಬಿರಗಳನ್ನು ನಡೆಸತೊಡಗಿದರು. ಇದೇ ಕಾಲಘಟ್ಟದಲ್ಲಿ ಕರ್ನಾಟಕದಲ್ಲಿ ಡಾ. ಎಂ. ಸಿ. ಮೋದಿಯವರು ಊರೂರು ತಿರುಗಿ ಸಾಮೂಹಿಕ ಶಸ್ತ್ರಚಿಕಿತ್ಸಾ ಶಿಬಿರಗಳನ್ನು ನಡೆಸುತ್ತಿದ್ದರು. ಶಾಲೆ, ಛತ್ರಗಳನ್ನೇ ತಾತ್ಕಾಲಿಕ ಶಸ್ತ್ರಚಿಕಿತ್ಸಾ ಕೊಠಡಿಗಳನ್ನಾಗಿ ಮಾಡಿಕೊಳ್ಳುವ ಇಂತಹ ಶಿಬಿರಗಳು ಸಾವಿರಾರು ಜನರಿಗೆ ದೃಷ್ಟಿ ನೀಡಿದವು. ಆದರೆ ಅಲ್ಲಿ ನಂಜು ತಗಲದಂತೆ ನೋಡಿಕೊಳ್ಳುವುದು ಮತ್ತು ಶಸ್ತ್ರಚಿಕಿತ್ಸೆಯ ನಂತರ ರೋಗಿಯ ಆರೈಕೆ ಮಾಡುವುದು ಕಷ್ಟವಾಗಿತ್ತು. ಹಳ್ಳಿಯಲ್ಲಿ ತಪಾಸಣೆಯನ್ನು ಮಾತ್ರ ನಡೆಸಿ, ಶಸ್ತ್ರಚಿಕಿತ್ಸೆಗಾಗಿ ರೋಗಿಗಳನ್ನು ಆಸ್ಪತ್ರೆಗೆ ಕರೆತರುವ ಕ್ರಮವನ್ನು ಅರವಿಂದ್ ಆಸ್ಪತ್ರೆ ಮುಂದೆ ಅನುಸರಿಸಿತು.

1965ರಲ್ಲಿ ವೆಂಕಟಸ್ವಾಮಿಯವರಿಗೆ ರಾಯಲ್ ಕಾಮನ್‌ವೆಲ್ತ್ ಅಂಧರ ಸೊಸೈಟಿಯ ಸ್ಥಾಪಕ ಸರ್ ಜಾನ್ ವಿಲ್ಸನ್ ಅವರ ಪರಿಚಯವಾಯಿತು. ಸ್ವತಃ ಅಂಧರಾಗಿದ್ದ ವಿಲ್ಸನ್, ತಡೆಗಟ್ಟಬಹುದಾದ ಅಂಧತ್ವದ ವಿರುದ್ಧ ಅಂತರರಾಷ್ಟ್ರೀಯ ಮಟ್ಟದಲ್ಲಿ ಕೆಲಸ ಮಾಡುತ್ತಿದ್ದರು. ಇಬ್ಬರ ಒಡನಾಟ ದೀರ್ಘಕಾಲ ಮುಂದುವರಿಯಿತು. ಅಂಧತ್ವ ನಿವಾರಣೆಗೆ ರಾಷ್ಟ್ರಮಟ್ಟದ ಯೋಜನೆ ಬೇಕೆಂದು ಒತ್ತಾಯಿಸಿದವರಲ್ಲಿ ಇವರೂ ಸೇರಿದ್ದರು. ಭಾರತ ಸರ್ಕಾರವು 1976ರಲ್ಲಿ ರಾಷ್ಟ್ರೀಯ ಅಂಧತ್ವ ನಿಯಂತ್ರಣ ಕಾರ್ಯಕ್ರಮವನ್ನು ಆರಂಭಿಸಿತು.

ಅರವಿಂದ್ ಕಣ್ಣಿನ ಆಸ್ಪತ್ರೆಯ ಸ್ಥಾಪನೆ

1976ರಲ್ಲಿ, ತಮ್ಮ 58ನೆಯ ವಯಸ್ಸಿನಲ್ಲಿ, ವೆಂಕಟಸ್ವಾಮಿಯವರು ಸರ್ಕಾರಿ ಸೇವೆಯಿಂದ ನಿವೃತ್ತರಾದರು. ಅದೇ ವರ್ಷ ಗೋವೆಲ್ ಟ್ರಸ್ಟ್ ಎಂಬ ಲಾಭರಹಿತ ಸಂಸ್ಥೆಯನ್ನು ಸ್ಥಾಪಿಸಿ, ಅದರ ಅಡಿಯಲ್ಲಿ ಮದುರೈಯ ಮನೆಯೊಂದರಲ್ಲಿ 11 ಹಾಸಿಗೆಗಳ ಆಸ್ಪತ್ರೆಯನ್ನು ತೆರೆದರು. ಅವುಗಳಲ್ಲಿ 6 ಹಾಸಿಗೆಗಳು ಹಣ ಕೊಡಲಾಗದವರಿಗೆ ಮೀಸಲಾಗಿದ್ದವು. ಉಳಿದ 5 ಹಾಸಿಗೆಗಳು ಶುಲ್ಕ ತೆರುವವರಿಗೆ. ತಾವು ಗೌರವಿಸುತ್ತಿದ್ದ ತತ್ತ್ವಜ್ಞಾನಿ ಶ್ರೀ ಅರವಿಂದರ ಹೆಸರನ್ನು ಆಸ್ಪತ್ರೆಗೆ ಇಟ್ಟರು.

ಬಂಡವಾಳದ ಕೊರತೆ ಆರಂಭದಿಂದಲೇ ಕಾಡಿತು. ನಿವೃತ್ತ ವೈದ್ಯರೊಬ್ಬರು ಬಡವರಿಗಾಗಿ ಕಟ್ಟಲು ಹೊರಟ ಆಸ್ಪತ್ರೆಗೆ ಬ್ಯಾಂಕುಗಳಿಂದ ಸಾಲ ದೊರೆಯಲಿಲ್ಲ. ಮನೆಯನ್ನು ಅಡವಿಟ್ಟು, ಮನೆಯವರ ಒಡವೆಗಳನ್ನೂ ಒತ್ತೆಯಿಟ್ಟು ಹಣ ಹೊಂದಿಸಲಾಯಿತು. ತಂಗಿ ಡಾ. ಜಿ. ನಾಚ್ಚಿಯಾರ್ ಮತ್ತು ಅವರ ಪತಿ ಡಾ. ಪಿ. ನಂಪೆರುಮಾಳ್‌ಸಾಮಿ ನೇತ್ರತಜ್ಞರಾಗಿ ಜೊತೆಗೂಡಿದರು. ತಮ್ಮ ಜಿ. ಶ್ರೀನಿವಾಸನ್ ಕಟ್ಟಡ ಮತ್ತು ಹಣಕಾಸಿನ ಹೊಣೆ ಹೊತ್ತರು. ಕಡಿಮೆ ಸಂಬಳಕ್ಕೆ ದೀರ್ಘ ಸಮಯ ದುಡಿದ ಕುಟುಂಬದ ಸದಸ್ಯರೇ ಮೊದಲ ವರ್ಷಗಳಲ್ಲಿ ಸಂಸ್ಥೆಯ ಬೆನ್ನೆಲುಬಾಗಿದ್ದರು.

ಶುಲ್ಕ ತೆರುವ ರೋಗಿಗಳಿಂದ ಬಂದ ಉಳಿತಾಯವನ್ನು ಬಳಸಿ ಆಸ್ಪತ್ರೆಯನ್ನು ಹಂತಹಂತವಾಗಿ ವಿಸ್ತರಿಸಲಾಯಿತು. 1978ರಲ್ಲಿ 70 ಹಾಸಿಗೆಗಳ ಉಚಿತ ಆಸ್ಪತ್ರೆಯೂ 1981ರಲ್ಲಿ 250 ಹಾಸಿಗೆಗಳ ಮುಖ್ಯ ಆಸ್ಪತ್ರೆಯೂ ಆರಂಭವಾದವು. ತೇನಿ (1985), ತಿರುನೆಲ್ವೇಲಿ (1988), ಕೊಯಮತ್ತೂರು (1997) ಮತ್ತು ಪುದುಚೇರಿಗಳಲ್ಲಿ (2003) ಶಾಖೆಗಳು ತೆರೆದವು.

ಶಸ್ತ್ರಚಿಕಿತ್ಸೆಯ ವಿಧಾನ

ಶಸ್ತ್ರಚಿಕಿತ್ಸೆಯಲ್ಲಿ ಅತ್ಯಂತ ದುಬಾರಿಯಾದುದು ನುರಿತ ವೈದ್ಯರ ಸಮಯ ಎಂಬುದನ್ನು ವೆಂಕಟಸ್ವಾಮಿಯವರು ಗುರುತಿಸಿದ್ದರು. ಆ ಸಮಯ ವ್ಯರ್ಥವಾಗದಂತೆ ಇಡೀ ಆಸ್ಪತ್ರೆಯ ಕೆಲಸವನ್ನು ವಿಭಜಿಸಲಾಯಿತು. ಅಮೆರಿಕ ಪ್ರವಾಸದಲ್ಲಿ ಕಂಡ ಮೆಕ್‌ಡೊನಾಲ್ಡ್ಸ್ ಉಪಾಹಾರಗೃಹಗಳು ಈ ಚಿಂತನೆಗೆ ಪ್ರೇರಣೆಯಾದವು. ಸಾಮಾನ್ಯ ಹಿನ್ನೆಲೆಯ ಯುವಜನರಿಗೆ ತರಬೇತಿ ನೀಡಿ, ಎಲ್ಲ ಕಡೆಯೂ ಒಂದೇ ಗುಣಮಟ್ಟವನ್ನು ಕಡಿಮೆ ಬೆಲೆಗೆ ಒದಗಿಸುವುದು ಸಾಧ್ಯವಾದರೆ, ಕಣ್ಣಿನ ಚಿಕಿತ್ಸೆಯಲ್ಲೂ ಅದು ಸಾಧ್ಯವಾಗಬೇಕು ಎಂಬುದು ಅವರ ತರ್ಕವಾಗಿತ್ತು.

ಅರವಿಂದ್ ಆಸ್ಪತ್ರೆಯಲ್ಲಿ ಒಬ್ಬ ಶಸ್ತ್ರವೈದ್ಯರಿಗೆ ಎರಡು ಮೇಜುಗಳಿರುತ್ತವೆ. ಒಂದು ಮೇಜಿನ ರೋಗಿಗೆ ಶಸ್ತ್ರಚಿಕಿತ್ಸೆ ನಡೆಯುತ್ತಿರುವಾಗಲೇ ಸಹಾಯಕಿಯರು ಪಕ್ಕದ ಮೇಜಿನಲ್ಲಿ ಮುಂದಿನ ರೋಗಿಯನ್ನು ಸಿದ್ಧಪಡಿಸುತ್ತಾರೆ. ಮೊದಲನೆಯದು ಮುಗಿದೊಡನೆ ವೈದ್ಯರು ಸೂಕ್ಷ್ಮದರ್ಶಕವನ್ನು ಎರಡನೆಯ ಮೇಜಿನತ್ತ ತಿರುಗಿಸಿ ಕೆಲಸ ಮುಂದುವರಿಸುತ್ತಾರೆ. ದೃಷ್ಟಿಪರೀಕ್ಷೆ, ಕಣ್ಣಿನ ಒತ್ತಡದ ಅಳತೆ, ಉಪಕರಣಗಳ ಶುದ್ಧೀಕರಣ, ರೋಗಿಗೆ ತಿಳಿವಳಿಕೆ ನೀಡುವುದು ಮೊದಲಾದ ಕೆಲಸಗಳನ್ನು ಸಹಾಯಕಿಯರೇ ನಿರ್ವಹಿಸುತ್ತಾರೆ. ರೋಗನಿರ್ಣಯ ಮತ್ತು ಶಸ್ತ್ರಚಿಕಿತ್ಸೆ ಮಾತ್ರ ವೈದ್ಯರ ಪಾಲಿಗೆ ಉಳಿಯುತ್ತದೆ. ಇದರಿಂದ ಇಲ್ಲಿನ ಒಬ್ಬ ವೈದ್ಯರು ವರ್ಷಕ್ಕೆ ನಡೆಸುವ ಶಸ್ತ್ರಚಿಕಿತ್ಸೆಗಳ ಸಂಖ್ಯೆಯು ದೇಶದ ಸರಾಸರಿಗಿಂತ ಹಲವು ಪಟ್ಟು ಹೆಚ್ಚಾಯಿತು. ಒಂದೇ ಕೆಲಸವನ್ನು ಮತ್ತೆಮತ್ತೆ ಮಾಡುವುದರಿಂದ ಕೈಚಳಕ ಹೆಚ್ಚುತ್ತದೆ, ತೊಡಕುಗಳ ದಾಖಲೆಯನ್ನು ಪರಿಶೀಲಿಸಿ ತಪ್ಪುಗಳನ್ನು ತಿದ್ದಿಕೊಳ್ಳಬಹುದು ಎಂಬುದು ಈ ವಿಧಾನದ ಹಿಂದಿನ ನಂಬಿಕೆ.

ಈ ಸಹಾಯಕಿಯರಲ್ಲಿ ಹೆಚ್ಚಿನವರು ಸುತ್ತಮುತ್ತಲಿನ ಹಳ್ಳಿಗಳ ಯುವತಿಯರು. ಶಾಲಾ ಶಿಕ್ಷಣ ಮುಗಿಸಿದವರನ್ನು ಆಯ್ದು ಎರಡು ವರ್ಷಗಳ ತರಬೇತಿ ನೀಡಲಾಗುತ್ತದೆ. ಹೀಗೆ ಗ್ರಾಮೀಣ ಕುಟುಂಬಗಳ ಸಾವಿರಾರು ಹೆಣ್ಣುಮಕ್ಕಳಿಗೆ ಸಂಸ್ಥೆಯು ಉದ್ಯೋಗವನ್ನೂ ಒದಗಿಸಿತು.

ಹಣಕಾಸಿನ ವ್ಯವಸ್ಥೆ

ದಿನನಿತ್ಯದ ಚಿಕಿತ್ಸೆಗೆ ದಾನವನ್ನು ಅವಲಂಬಿಸದಿರುವುದು ವೆಂಕಟಸ್ವಾಮಿಯವರ ಧೋರಣೆಯಾಗಿತ್ತು. ದಾನ ನಿಂತ ದಿನ ಚಿಕಿತ್ಸೆಯೂ ನಿಲ್ಲಬಾರದು ಎಂಬುದು ಇದರ ಉದ್ದೇಶ. ಶುಲ್ಕ ಕೊಡಬಲ್ಲ ರೋಗಿಗಳಿಂದ ಬರುವ ಆದಾಯವು ಅವರ ವೆಚ್ಚವನ್ನು ಭರಿಸಿ, ಬಡರೋಗಿಗಳ ವೆಚ್ಚಕ್ಕೂ ಸಾಲುವಂತೆ ಲೆಕ್ಕ ಹಾಕಲಾಯಿತು. ಕಾಲಕ್ರಮೇಣ ಒಟ್ಟು ಶಸ್ತ್ರಚಿಕಿತ್ಸೆಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ಉಚಿತವಾಗಿ ಅಥವಾ ಭಾರಿ ರಿಯಾಯಿತಿಯಲ್ಲಿ ನಡೆದರೂ ಆಸ್ಪತ್ರೆಯ ಲೆಕ್ಕದಲ್ಲಿ ಉಳಿತಾಯವೇ ಕಂಡುಬಂದಿತು.

ಯಾರು ಬಡವರು ಎಂದು ನಿರ್ಧರಿಸಲು ಆದಾಯ ಪ್ರಮಾಣಪತ್ರವನ್ನು ಕೇಳುವ ಪದ್ಧತಿ ಇಲ್ಲಿಲ್ಲ. ಉಚಿತ ವಿಭಾಗಕ್ಕೆ ಹೋಗಬೇಕೇ, ಶುಲ್ಕದ ವಿಭಾಗಕ್ಕೆ ಹೋಗಬೇಕೇ ಎಂಬುದನ್ನು ರೋಗಿಯೇ ತೀರ್ಮಾನಿಸುತ್ತಾನೆ. ಎರಡೂ ವಿಭಾಗಗಳ ವಸತಿ ಸೌಕರ್ಯದಲ್ಲಿ ವ್ಯತ್ಯಾಸವಿದೆ. ಶುಲ್ಕ ಕೊಡುವವರಿಗೆ ಪ್ರತ್ಯೇಕ ಕೋಣೆ, ಮಂಚಗಳು ದೊರೆತರೆ ಉಚಿತ ವಿಭಾಗದವರು ಸಾಮೂಹಿಕ ಕೊಠಡಿಯಲ್ಲಿ ಚಾಪೆಯ ಮೇಲೆ ಮಲಗುತ್ತಾರೆ. ಆದರೆ ವೈದ್ಯರನ್ನು ಎರಡೂ ಕಡೆಗೆ ಸರದಿಯಂತೆ ನಿಯೋಜಿಸಲಾಗುತ್ತದೆ. ಸೌಕರ್ಯದಲ್ಲಿ ಭೇದವಿದ್ದರೂ ಕಣ್ಣಿಗೆ ಸಿಗುವ ಚಿಕಿತ್ಸೆಯಲ್ಲಿ ಭೇದವಿರಬಾರದು ಎಂಬುದು ಸಂಸ್ಥೆಯ ನಿಯಮ.

ಉಚಿತ ಚಿಕಿತ್ಸೆಗೂ ಇದ್ದ ಅಡೆತಡೆಗಳು

ಶಸ್ತ್ರಚಿಕಿತ್ಸೆಯನ್ನು ಉಚಿತಗೊಳಿಸಿದ ಮೇಲೂ ದೃಷ್ಟಿಹೀನರಲ್ಲಿ ಬಹಳಷ್ಟು ಮಂದಿ ಆಸ್ಪತ್ರೆಗೆ ಬರಲಿಲ್ಲ. ಇದರ ಕಾರಣಗಳನ್ನು ಸಂಸ್ಥೆಯು ಹಳ್ಳಿಗಳಲ್ಲಿ ಅಧ್ಯಯನ ಮಾಡಿತು. ಬಸ್ಸಿನ ಖರ್ಚು, ಆಸ್ಪತ್ರೆಯಲ್ಲಿರುವ ದಿನಗಳ ಊಟ, ರೋಗಿಯ ಜೊತೆಗೆ ಬರುವವರ ಕೂಲಿನಷ್ಟ, ಶಸ್ತ್ರಚಿಕಿತ್ಸೆಯ ಭಯ, ಕರೆದೊಯ್ಯುವವರಿಲ್ಲದ ಸ್ಥಿತಿ ಇವೆಲ್ಲವೂ ಅಡ್ಡಿಯಾಗಿದ್ದವು. ದಿನಗೂಲಿಯ ಮೇಲೆ ಬದುಕುವ ಕುಟುಂಬಕ್ಕೆ ಉಚಿತ ಚಿಕಿತ್ಸೆಯೂ ದುಬಾರಿಯೇ ಆಗಿತ್ತು.

ಈ ತಿಳಿವಳಿಕೆಯ ಫಲವಾಗಿ ಶಿಬಿರಗಳ ಸ್ವರೂಪ ಬದಲಾಯಿತು. ಲಯನ್ಸ್ ಕ್ಲಬ್‌ನಂತಹ ಸೇವಾಸಂಸ್ಥೆಗಳು, ಊರಿನ ಪ್ರಮುಖರು ಮತ್ತು ಧಾರ್ಮಿಕ ಸಂಸ್ಥೆಗಳು ಶಿಬಿರದ ಪ್ರಚಾರ ಹಾಗೂ ಏರ್ಪಾಡಿನ ಹೊಣೆ ಹೊತ್ತವು. ಪೊರೆ ಇದೆಯೆಂದು ಕಂಡುಬಂದವರನ್ನು ಅದೇ ದಿನ ಬಸ್ಸಿನಲ್ಲಿ ಆಸ್ಪತ್ರೆಗೆ ಕರೆದೊಯ್ದು, ಊಟ, ವಸತಿ, ಔಷಧಿಗಳನ್ನು ನೀಡಿ, ಶಸ್ತ್ರಚಿಕಿತ್ಸೆಯ ನಂತರ ಊರಿಗೆ ಮರಳಿಸುವ ವ್ಯವಸ್ಥೆಯಾಯಿತು. ಒಂದೇ ಊರಿನ ಹಲವರು ಒಟ್ಟಾಗಿ ಹೋಗುವುದರಿಂದ ಭಯ ಕಡಿಮೆಯಾಗುತ್ತಿತ್ತು. ದೃಷ್ಟಿ ಪಡೆದು ಊರಿಗೆ ಹಿಂದಿರುಗಿದವರನ್ನು ಕಂಡು ಇತರರೂ ಮುಂದೆ ಬರುತ್ತಿದ್ದರು.

ಕೃತಕ ಮಸೂರ ಮತ್ತು ಆರೋಲ್ಯಾಬ್

1980ರ ದಶಕದವರೆಗೂ ಭಾರತದಲ್ಲಿ ಬಡರೋಗಿಗಳಿಗೆ ಸಾಮಾನ್ಯವಾಗಿ ಮಬ್ಬಾದ ಮಸೂರವನ್ನು ಅದರ ಕವಚಸಮೇತ ಹೊರತೆಗೆದು, ದಪ್ಪ ಗಾಜಿನ ಕನ್ನಡಕವನ್ನು ನೀಡಲಾಗುತ್ತಿತ್ತು. ಈ ಕನ್ನಡಕದಲ್ಲಿ ವಸ್ತುಗಳು ದೊಡ್ಡದಾಗಿ ಕಾಣುತ್ತವೆ, ಅಂಚಿನ ನೋಟ ಕುಗ್ಗುತ್ತದೆ. ಕನ್ನಡಕ ಒಡೆದರೆ ಅಥವಾ ಕಳೆದುಹೋದರೆ ರೋಗಿ ಮತ್ತೆ ಹೆಚ್ಚುಕಡಿಮೆ ಕುರುಡನಾಗುತ್ತಿದ್ದ. ಹೊಲಗದ್ದೆಗಳಲ್ಲಿ ದುಡಿಯುವವರಿಗೆ ಇದು ದೊಡ್ಡ ತೊಡಕಾಗಿತ್ತು.

ಇದಕ್ಕೆ ಪರಿಹಾರವಾದ ಕೃತಕ ಮಸೂರವನ್ನು ಕಣ್ಣಿನೊಳಗೆ ಅಳವಡಿಸುವ ವಿಧಾನವನ್ನು ಲಂಡನ್ನಿನ ಹೆರಾಲ್ಡ್ ರಿಡ್ಲಿ 1949ರಲ್ಲೇ ಆರಂಭಿಸಿದ್ದರು. 1980ರ ದಶಕದ ಹೊತ್ತಿಗೆ ಶ್ರೀಮಂತ ದೇಶಗಳಲ್ಲಿ ಅದು ಸಾಮಾನ್ಯ ಚಿಕಿತ್ಸೆಯಾಗಿತ್ತು. ಆದರೆ ಆಮದು ಮಸೂರದ ಬೆಲೆ 100 ಡಾಲರಿನ ಆಸುಪಾಸಿನಲ್ಲಿತ್ತು. ಶುಲ್ಕ ತೆರುವ ರೋಗಿಗಳು ಅದನ್ನು ಕೊಳ್ಳಬಹುದಾಗಿತ್ತು. ಉಚಿತ ವಿಭಾಗದವರಿಗೆ ಕನ್ನಡಕವೇ ಗತಿಯಾಗಿತ್ತು. ಬಡ ದೇಶಗಳಲ್ಲಿ ಲಕ್ಷಾಂತರ ಜನರಿಗೆ ಇಂತಹ ಮಸೂರವನ್ನು ಅಳವಡಿಸುವುದು ವ್ಯಾವಹಾರಿಕವೇ ಎಂಬ ಬಗ್ಗೆ ತಜ್ಞರಲ್ಲೇ ಭಿನ್ನಾಭಿಪ್ರಾಯವಿತ್ತು. ಎಲ್ಲರಿಗೂ ಒಂದೇ ಬಗೆಯ ಚಿಕಿತ್ಸೆ ಎಂಬ ಆಸ್ಪತ್ರೆಯ ತತ್ತ್ವಕ್ಕೆ ಈ ಬೆಲೆಯೇ ಸವಾಲಾಗಿತ್ತು.

ಅಮೆರಿಕದ ಸೇವಾ ಫೌಂಡೇಶನ್ ಮತ್ತು ಡೇವಿಡ್ ಗ್ರೀನ್ ಅವರ ನೆರವಿನಿಂದ ತಂತ್ರಜ್ಞಾನವನ್ನು ಪಡೆದು, ಮಸೂರವನ್ನು ಮದುರೈಯಲ್ಲೇ ತಯಾರಿಸಲು 1992ರಲ್ಲಿ ಆರೋಲ್ಯಾಬ್ ಎಂಬ ಘಟಕವನ್ನು ಸ್ಥಾಪಿಸಲಾಯಿತು. ಅಲ್ಲಿ ತಯಾರಾದ ಮಸೂರದ ಬೆಲೆ 10 ಡಾಲರಿಗೂ ಕೆಳಗಿಳಿಯಿತು. ಇದೇ ದಶಕದಲ್ಲಿ ನಡೆದ ಮದುರೈ ಕೃತಕ ಮಸೂರ ಅಧ್ಯಯನವು ಹಳೆಯ ಮತ್ತು ಹೊಸ ವಿಧಾನಗಳನ್ನು ಹೋಲಿಸಿ, ಭಾರತದ ಪರಿಸ್ಥಿತಿಯಲ್ಲೂ ಕೃತಕ ಮಸೂರದ ಶಸ್ತ್ರಚಿಕಿತ್ಸೆ ಸುರಕ್ಷಿತವೆಂದೂ ರೋಗಿಗಳ ಬದುಕಿನ ಗುಣಮಟ್ಟಕ್ಕೆ ಹೆಚ್ಚು ಅನುಕೂಲವೆಂದೂ ತೋರಿಸಿತು. ಕ್ರಮೇಣ ಉಚಿತ ವಿಭಾಗದಲ್ಲೂ ಕೃತಕ ಮಸೂರವೇ ರೂಢಿಗೆ ಬಂದಿತು. ಮುಂದೆ ಶಸ್ತ್ರಚಿಕಿತ್ಸೆಯ ಹೊಲಿಗೆ ದಾರ, ಔಷಧಿಗಳನ್ನೂ ಆರೋಲ್ಯಾಬ್ ತಯಾರಿಸತೊಡಗಿತು. ಅದರ ಉತ್ಪನ್ನಗಳು 100ಕ್ಕೂ ಹೆಚ್ಚು ದೇಶಗಳನ್ನು ತಲುಪಿವೆ.

ತರಬೇತಿ ಕಾರ್ಯ

ತಮ್ಮ ವಿಧಾನವನ್ನು ಗುಟ್ಟಾಗಿಡದೆ ಇತರ ಆಸ್ಪತ್ರೆಗಳಿಗೂ ಕಲಿಸುವುದು ವೆಂಕಟಸ್ವಾಮಿಯವರ ಮತ್ತೊಂದು ಗುರಿಯಾಗಿತ್ತು. ಇದಕ್ಕಾಗಿ ಲಯನ್ಸ್ ಸಂಸ್ಥೆಯ ಸಹಯೋಗದಲ್ಲಿ 1992ರಲ್ಲಿ ಲೈಕೊ ಎಂಬ ಸಮುದಾಯ ನೇತ್ರವೈದ್ಯಕೀಯ ತರಬೇತಿ ಕೇಂದ್ರ ಆರಂಭವಾಯಿತು. 1981ರಲ್ಲಿ ಆಡಳಿತಗಾರರಾಗಿ ಆಸ್ಪತ್ರೆಯನ್ನು ಸೇರಿದ್ದ ಆರ್. ಡಿ. ತುಳಸಿರಾಜ್ ಇದರ ನೇತೃತ್ವ ವಹಿಸಿದರು. ಭಾರತ ಮತ್ತು ಏಷ್ಯಾ, ಆಫ್ರಿಕಾದ ಹಲವು ದೇಶಗಳ ಆಸ್ಪತ್ರೆಗಳ ತಂಡಗಳು ಇಲ್ಲಿಗೆ ಬಂದು ಲೆಕ್ಕಪತ್ರ, ಸಿಬ್ಬಂದಿ ನಿರ್ವಹಣೆ, ಶಿಬಿರಗಳ ಏರ್ಪಾಡು ಮುಂತಾದವುಗಳಲ್ಲಿ ತರಬೇತಿ ಪಡೆದಿವೆ. 1993ರಲ್ಲಿ ಹಾರ್ವರ್ಡ್ ಬಿಸಿನೆಸ್ ಸ್ಕೂಲ್ ಅರವಿಂದ್ ಆಸ್ಪತ್ರೆಯ ಕುರಿತು ಅಧ್ಯಯನವೊಂದನ್ನು ಪ್ರಕಟಿಸಿತು. ಅಂದಿನಿಂದ ಇದು ನಿರ್ವಹಣಾಶಾಸ್ತ್ರದ ವಿದ್ಯಾರ್ಥಿಗಳ ಪಠ್ಯದ ಭಾಗವಾಗಿದೆ.

ವೈಯಕ್ತಿಕ ಜೀವನ

ವೆಂಕಟಸ್ವಾಮಿಯವರು ಅವಿವಾಹಿತರಾಗಿದ್ದರು. ಹಿರಿಯ ಮಗನಾಗಿ ತಮ್ಮ, ತಂಗಿಯರ ಜವಾಬ್ದಾರಿಯನ್ನು ಹೊತ್ತು ಅವರನ್ನು ಓದಿಸಿದರು. ಶ್ರೀ ಅರವಿಂದರ ಹಾಗೂ ಪುದುಚೇರಿಯ ಶ್ರೀಮಾತೆಯವರ ಚಿಂತನೆಗಳು ಅವರ ಬದುಕನ್ನು ರೂಪಿಸಿದವು. ಧ್ಯಾನ ಮತ್ತು ಅಧ್ಯಯನ ಅವರ ನಿತ್ಯಕ್ರಮದ ಭಾಗವಾಗಿದ್ದವು. ಸರಳ ಜೀವನ ನಡೆಸಿದ ಅವರು ಇಳಿವಯಸ್ಸಿನಲ್ಲೂ ಪ್ರತಿದಿನ ಆಸ್ಪತ್ರೆಗೆ ಬರುತ್ತಿದ್ದರು.

ಪ್ರಶಸ್ತಿ ಮತ್ತು ಗೌರವಗಳು

ಭಾರತ ಸರ್ಕಾರವು 1973ರಲ್ಲಿ ವೆಂಕಟಸ್ವಾಮಿಯವರಿಗೆ ಪದ್ಮಶ್ರೀ ಪ್ರಶಸ್ತಿಯನ್ನು ನೀಡಿತು. 1987ರಲ್ಲಿ ಹೆಲೆನ್ ಕೆಲ್ಲರ್ ಅಂತರರಾಷ್ಟ್ರೀಯ ಪ್ರಶಸ್ತಿಯೂ 1993ರಲ್ಲಿ ಅಮೆರಿಕದ ನೇತ್ರವೈದ್ಯಕೀಯ ಅಕಾಡೆಮಿಯ ಅಂಧತ್ವ ನಿವಾರಣಾ ಪ್ರಶಸ್ತಿಯೂ ಅವರಿಗೆ ಸಂದವು. ಅವರ ಜನ್ಮಶತಮಾನೋತ್ಸವದ ದಿನವಾದ 1 ಅಕ್ಟೋಬರ್ 2018ರಂದು ಗೂಗಲ್ ತನ್ನ ಮುಖಪುಟದಲ್ಲಿ ಡೂಡಲ್ ಚಿತ್ರದ ಮೂಲಕ ಅವರನ್ನು ಸ್ಮರಿಸಿತು.

ನಿಧನ ಮತ್ತು ಪರಂಪರೆ

ವೆಂಕಟಸ್ವಾಮಿಯವರು 7 ಜುಲೈ 2006ರಂದು ಮದುರೈಯಲ್ಲಿ ತಮ್ಮ 87ನೆಯ ವಯಸ್ಸಿನಲ್ಲಿ ನಿಧನರಾದರು. ಆ ವೇಳೆಗೆ ಅರವಿಂದ್ ಆಸ್ಪತ್ರೆಗಳಲ್ಲಿ ವರ್ಷಕ್ಕೆ 2 ಲಕ್ಷಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆಗಳು ನಡೆಯುತ್ತಿದ್ದವು. ಸ್ಥಾಪಕರ ನಿಧನದ ನಂತರವೂ ಸಂಸ್ಥೆಯ ಬೆಳವಣಿಗೆ ಮುಂದುವರಿಯಿತು. 2008ರಲ್ಲಿ ಜಾಗತಿಕ ಆರೋಗ್ಯಕ್ಕಾಗಿ ನೀಡುವ ಗೇಟ್ಸ್ ಪ್ರಶಸ್ತಿಯನ್ನೂ 2010ರಲ್ಲಿ ಕಾನ್ರಾಡ್ ಹಿಲ್ಟನ್ ಮಾನವೀಯ ಸೇವಾ ಪ್ರಶಸ್ತಿಯನ್ನೂ ಅದು ಪಡೆಯಿತು. ಹಳ್ಳಿಗಳ ಸಮೀಪದಲ್ಲೇ ಸ್ಥಾಪಿಸಲಾದ ದೃಷ್ಟಿ ಕೇಂದ್ರಗಳಲ್ಲಿ, ದೂರದ ಆಸ್ಪತ್ರೆಯ ವೈದ್ಯರು ಅಂತರಜಾಲದ ಮೂಲಕ ರೋಗಿಗಳಿಗೆ ಸಲಹೆ ನೀಡುತ್ತಿದ್ದಾರೆ.

ಸಾಮೂಹಿಕ ಶಿಬಿರಗಳ ಕಾಲದಲ್ಲಿ ಅಂಧತ್ವ ನಿವಾರಣೆಯು ಹೆಚ್ಚಾಗಿ ಒಬ್ಬ ನುರಿತ ವೈದ್ಯರ ಶ್ರಮವನ್ನೂ ದಾನಿಗಳ ಔದಾರ್ಯವನ್ನೂ ಅವಲಂಬಿಸಿತ್ತು. ವೆಂಕಟಸ್ವಾಮಿಯವರು ಅದನ್ನು ವೈದ್ಯರ ಸಮಯ, ಮಸೂರದ ಬೆಲೆ, ಬಸ್ಸಿನ ಖರ್ಚು, ಕೂಲಿನಷ್ಟ ಎಂಬ ಬಿಡಿಬಿಡಿ ಸಮಸ್ಯೆಗಳನ್ನಾಗಿ ವಿಂಗಡಿಸಿ, ಒಂದೊಂದಕ್ಕೂ ಪರಿಹಾರ ಹುಡುಕಿದರು. ಈ ವ್ಯವಸ್ಥೆಯು ಅವರ ಕಾಲಾನಂತರವೂ ಮುಂದುವರಿದು, ಇತರ ಊರು, ದೇಶಗಳ ಆಸ್ಪತ್ರೆಗಳಿಗೂ ಮಾದರಿಯಾಗಿದೆ.